ಆ ಕಡೆಯ ಸಾಕ್ಷಿ

ಕನ್ನಡಿ ಇಲ್ಲದೆ ಗಡ್ಡ ಹೆರೆದುಕೊಳ್ಳುವುದು ಅವನಿಗೆ ವರ್ಷಗಳ ರೂಢಿ. ಬೆರಳಲ್ಲಿ ತಡವುವುದು, ಬ್ಲೇಡು ಎಳೆಯುವುದು, ಮತ್ತೆ ತಡವುವುದು. ಎಡಗಿವಿಯ ಕೆಳಗೆ ಒಂದಿಷ್ಟು ಕೂದಲು ಯಾವಾಗಲೂ ಉಳಿದುಬಿಡುತ್ತಿತ್ತು. ಉಳಿದಿದೆ ಎಂದು ಗೊತ್ತಾಗುತ್ತಿದ್ದುದು ಕೆಲಸಕ್ಕೆ ಹೋದಮೇಲೆ, ಕಿಂಡಿಯ ಆ ಕಡೆ ಕೂತವನ ಎಡಗಿವಿಯ ಕೆಳಗೆ ಅದೇ ಕುರುಚಲು ಕಂಡಾಗ. ಸಂಬಳಕ್ಕಾಗಿ ದಿನಾ ಬೆಳಿಗ್ಗೆ ಆ ಮೋರೆ ನೋಡುವುದೇ ಬೇಕಾದಷ್ಟಾಗಿರುವಾಗ ಮನೆಯಲ್ಲೂ ಒಂದು ಕನ್ನಡಿ ನೇತುಹಾಕಿಕೊಂಡು ಅದನ್ನೇ ನೋಡಬೇಕೆ? ಹೆಂಡತಿಯ ಬಳಿ ಅಂಗೈಯಗಲದ್ದೊಂದು ಇತ್ತು. ಅದನ್ನೂ ಅವಳು ಅವನಿದ್ದಾಗ ಮಗುಚಿ ಇಡುತ್ತಿದ್ದಳು. ಇವತ್ತು ಬ್ಲೇಡು ಅದೇ ಜಾಗದಲ್ಲಿ ತಾಗಿ ರಕ್ತ ಬಂತು. ಆ ಕಡೆಯವನಿಗೂ ಬಂದಿರುತ್ತದೆ, ಬರಲಿ, ಎಂದುಕೊಂಡು ಗಾಯದ ಮೇಲೆ ತಣ್ಣೀರು ಹಾಕಿಕೊಂಡ.

"ಇವತ್ತೇ ಅಲ್ವಾ ವಿಚಾರಣೆ?" ಬಚ್ಚಲಿನ ಬಾಗಿಲಲ್ಲಿ ನಿಂತು ಹೆಂಡತಿ ಕೇಳಿದಳು.

"ಹೂಂ."

"ನನ್ನ ತಮ್ಮ ಸುಳ್ಳು ಹೇಳೋನಲ್ಲ. ನೀವೂ ಹೇಳೋರಲ್ಲ ಅಂತ ನಂಬ್ಕೊಂಡೇ ಇಷ್ಟು ವರ್ಷ ಸಂಸಾರ ಮಾಡಿದೀನಿ. ಈಗ ಬೆಲ್ ಆಗಿತ್ತು ಅಂತ ನೀವು, ಆಗಿರಲಿಲ್ಲ ಅಂತ ಅವನು. ನನಗೆ ತಲೆ ಕೆಟ್ಟುಹೋಗಿದೆ ರೀ. ಇವತ್ತು ಯಾರದು ಸುಳ್ಳು ಅಂತ ಆಗತ್ತೋ ಅವರು ಈ ಮನೇಲಿರೋದು ಬೇಡ. ಅವನಾದ್ರೂ ಅಷ್ಟೆ, ನೀವಾದ್ರೂ ಅಷ್ಟೆ."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ಹಾಲು ಬಂದಿಲ್ಲ ಎನ್ನುವಾಗಿನ ದನಿ. ಜಗಳವಾಡಿದ್ದರೆ ತಿರುಗಿ ಬೈಯಬಹುದಿತ್ತು, ನಿನ್ನ ತಮ್ಮನನ್ನು ತಂದು ನನ್ನ ತಲೆಗೆ ಕಟ್ಟಿದವಳು ನೀನೇ ಅಲ್ಲವಾ ಎನ್ನಬಹುದಿತ್ತು. ಅವನು ಟವೆಲ್ಲಿನಲ್ಲಿ ಮುಖ ಒರೆಸಿಕೊಳ್ಳುತ್ತ ನಡುಮನೆಗೆ ಬಂದ. ಭಾವಮೈದ ಮಂಚದ ತುದಿಯಲ್ಲಿ ಕೂತು ಎಡಗೈಯಲ್ಲಿ ಅಂಗಿಯ ಗುಂಡಿ ಹಾಕಿಕೊಳ್ಳಲು ಒದ್ದಾಡುತ್ತಿದ್ದ. ಬಲಗೈ ಮಡಿಲಲ್ಲಿ ಬಿದ್ದಿತ್ತು, ಹೆಬ್ಬೆರಳೊಂದು ಬಿಟ್ಟು ಉಳಿದದ್ದೆಲ್ಲ ಬಟ್ಟೆಯ ಉಂಡೆ. ಬಟ್ಟೆಯ ಒಳಗೆ ಬೆರಳುಗಳಿಲ್ಲ ಎನ್ನುವುದು ಮನೆಯವರಿಗೆಲ್ಲ ಗೊತ್ತಿದ್ದರೂ ಯಾರೂ ಆ ಮಾತು ಆಡಿರಲಿಲ್ಲ. ಮೇಲಿನ ಗುಂಡಿ ಕೆಳಗಿನ ತೂತಿಗೆ ಹೋಗಿತ್ತು. ಬಗ್ಗಿ ಸರಿಮಾಡಿದರೆ ಆಗುತ್ತಿತ್ತು, ಅಷ್ಟೇ ಕೆಲಸ. ಬಗ್ಗಿದರೆ ತಪ್ಪು ಒಪ್ಪಿಕೊಂಡಂತೆ ಕಾಣುತ್ತದೆ ಎಂದು ಅವನು ನೋಡದವನಂತೆ ಚಪ್ಪಲಿ ಹುಡುಕಿದ.

"ಭಾವ, ಒಟ್ಟಿಗೇ ಹೋಗೋಣ್ವಾ?" ಅಂದ ಭಾವಮೈದ.

"ನನಗೆ ಬೇಗ ಹೋಗ್ಬೇಕು. ನೀನು ನಿಧಾನಕ್ಕೆ ಬಾ."

ಬಸ್ಸಿನಲ್ಲಿ ಕಂಡಕ್ಟರ್ ಎಂದಿನಂತೆ "ಕನ್ನಡಿ ಫ್ಯಾಕ್ಟರೀ, ಇಳೀರಿ" ಎಂದು ಕೂಗಿದ. ಊರಿಗೆ ಊರೇ ಅದನ್ನು ಹಾಗೆನ್ನುತ್ತಿತ್ತು. ಪಕ್ಕದ ಮನೆಯಾಕೆ ಬೀರುವಿಗೆ ಒಂದು ಕನ್ನಡಿ ಸ್ಟಾಫ್ ರೇಟಿನಲ್ಲಿ ಕೊಡಿಸಿ ಎಂದು ಗಂಟುಬಿದ್ದಿದ್ದಳು, ಕೊಡಿಸಲಿಲ್ಲವೆಂದು ಈಗ ಮಾತು ಬಿಟ್ಟಿದ್ದಾಳೆ. ಗೇಟಿನ ಮೇಲೆ 'ಅಂತರ-ಆಯಾಮ ಸಂಶೋಧನಾ ಕೇಂದ್ರ' ಎಂದು ದಪ್ಪಕ್ಷರದಲ್ಲಿ ಬರೆದಿತ್ತು, ಅದರ ಕೆಳಗೆ ಸಣ್ಣಕ್ಷರದಲ್ಲಿ 'ತನ್ನನ್ನೇ ತಾನು ಸೂಚಿಸುವ ವಿದ್ಯಮಾನಗಳ ವಿಭಾಗ'. ಬರೆದವನು ಭಾವಮೈದನೇ. ಆಗವನು ಬೋರ್ಡು ಬರೆಯುತ್ತಿದ್ದ, ಏಣಿಯ ಮೇಲೆ ನಿಂತು ಅಕ್ಷರಗಳ ಹೊಟ್ಟೆಗೆ ಕೆಂಪು ತುಂಬುತ್ತ "ಭಾವ, ಹಂಗಂದ್ರೆ ಏನು?" ಎಂದು ಕೇಳಿದ್ದ. "ಬರಿ ಸುಮ್ನೆ, ಅರ್ಥ ಕಟ್ಕೊಂಡು ನಿನಗೇನಾಗ್ಬೇಕು" ಎಂದು ಇವನು ಗದರಿದ್ದ. ಅರ್ಥ ಇವನಿಗೂ ಗೊತ್ತಿರಲಿಲ್ಲ. ಪ್ಲಾಸ್ಟಿಕ್ ಬ್ಯಾನರುಗಳು ಬಂದು ಬೋರ್ಡಿನ ಕೆಲಸ ನಿಂತಾಗ ಹೆಂಡತಿಯ ಕಾಟಕ್ಕೆ ತಲೆಬಾಗಿ ಇವನು ಕೇಂದ್ರದ ನಿರ್ದೇಶಕಿಯ ಮುಂದೆ ಕೈಕಟ್ಟಿ ನಿಂತು ಅವನಿಗೊಂದು ಕೆಲಸ ಕೇಳಿದ್ದ. ಆ ಅಕ್ಷರಗಳು ಇನ್ನೂ ಚೂರೂ ಮಾಸಿರಲಿಲ್ಲ. ಅವನು ತಲೆ ತಗ್ಗಿಸಿ ಗೇಟು ದಾಟಿದ.

ಒಳಗೆ ನಡೆಯುತ್ತಿದ್ದುದು ಇಷ್ಟೆ. ಹಿಂದೆಂದೋ ಮಹಾ ಪಂಡಿತರೆಲ್ಲ ಸೇರಿ, ಹಗಲೂ ರಾತ್ರಿ ಬೆವರು ಸುರಿಸಿ, ಬೇರೊಂದು ಆಯಾಮಕ್ಕೆ ಒಂದು ಕಿಂಡಿ ಕೊರೆದರು. ಆ ಕಡೆ ಏನೇನೋ ಇದ್ದೀತು ಎಂದು ಆಸೆಪಟ್ಟರು. ಕಿಂಡಿ ತೆರೆದು ನೋಡಿದರೆ ಅಲ್ಲಿದ್ದುದು ಇದೇ ಕಟ್ಟಡ, ಇದೇ ಸುಣ್ಣ ಉದುರಿದ ಗೋಡೆ, ಬೇರೊಂದು ಆಯಾಮಕ್ಕೆ ಕಿಂಡಿ ಕೊರೆದು ಆಸೆಯಿಂದ ಬಗ್ಗಿ ನೋಡುತ್ತಿದ್ದ ಇದೇ ಪಂಡಿತರು. ನಾವು ಅವರನ್ನು ಅಭ್ಯಾಸ ಮಾಡುತ್ತೇವೆ, ಅವರು ನಮ್ಮನ್ನು ಅಭ್ಯಾಸ ಮಾಡುತ್ತಾರೆ, ಆದ್ದರಿಂದ ನಾವು ಮಾಡುತ್ತಿರುವ ಅಭ್ಯಾಸವನ್ನು ಅವರು ಮಾಡುತ್ತಿರುವ ಅಭ್ಯಾಸವನ್ನು ನಾವು, ಎಂದು ನಿರ್ದೇಶಕಿ ಬಂದ ಅತಿಥಿಗಳಿಗೆಲ್ಲ ಹೇಳುತ್ತ ಹೋಗಿ ನಡುವೆ ಎಲ್ಲೋ ಕೈಬಿಟ್ಟು ಟೀ ತರಿಸುತ್ತಿದ್ದಳು. ಕಿಂಡಿಯೇನು ದೊಡ್ಡದಲ್ಲ, ಎದೆಮಟ್ಟದಲ್ಲಿ, ಒಲೆಯ ಬಾಯಿಯಷ್ಟು. ಗೋಡೆ ಒಂದು ತೋಳುದ್ದ ದಪ್ಪ. ಈ ತುದಿಗೊಂದು ಕಬ್ಬಿಣದ ಶಟರ್, ಆ ತುದಿಗೊಂದು. ಈ ಕಡೆಯ ಶಟರನ್ನು ಎತ್ತಿ ಇಳಿಸುವುದು ಅವನ ಕೆಲಸ. ಆ ಕಡೆಯದನ್ನು ಎತ್ತಿ ಇಳಿಸುವವನೂ ಅವನೇ, ಅಂದರೆ ಆ ಕಡೆಯ ಅವನು. ಆಫೀಸಿನ ಭಾಷೆಯಲ್ಲಿ 'ನಿಮ್ಮವನು'. "ಏನು, ನಿಮ್ಮವನಿಗೆ ಇವತ್ತು ನೆಗಡಿಯಾ?" ಎಂದು ಎಲೆಕ್ಟ್ರಿಷಿಯನ್ ಕೇಳಿದರೆ ನಿನಗೆ ನೆಗಡಿಯಾ ಎಂದರ್ಥ.

ಆ ಕೇಂದ್ರದ ಮೊದಲ ನಿಯಮವೇ ಅದು: ತನ್ನ ಬಗ್ಗೆ ತಾನೇ ಆಡಿದ ಮಾತು ಯಾರದೂ ನಡೆಯುವುದಿಲ್ಲ. ತನ್ನನ್ನೇ ಸೂಚಿಸುವ ಮಾತು ಸುತ್ತುತ್ತ ಹೋಗಿ ಎಲ್ಲೂ ನಿಲ್ಲುವುದಿಲ್ಲವಂತೆ. ಜ್ವರ ಬಂದು ನಡುಗುತ್ತಿದ್ದರೂ ರಜೆ ಬೇಕಾದರೆ ಕಿಂಡಿಯ ಮುಂದೆ ಕೂರಬೇಕು, ಆ ಕಡೆಯವನು ಇವನನ್ನು ನೋಡಿ "ಇವನಿಗೆ ಜ್ವರ" ಎನ್ನಬೇಕು, ಅದೇ ಹೊತ್ತಿಗೆ ಇವನು ಅವನನ್ನು ನೋಡಿ "ಇವನಿಗೆ ಜ್ವರ" ಎನ್ನಬೇಕು. ಎರಡು ಬಾಯಿಂದ ಒಂದೇ ಮಾತು ಒಂದೇ ಗಳಿಗೆಯಲ್ಲಿ ಬಂದರೆ ಅದು ಸಾಕ್ಷಿ. ಇಷ್ಟು ವರ್ಷದಲ್ಲಿ ಎರಡು ಬಾಯಿಗಳು ಬೇರೆ ಮಾತಾಡಿದ್ದೇ ಇಲ್ಲ. ಅದಕ್ಕೇ ಬೆಳಿಗ್ಗೆ ಕೆಲಸ ಶುರುವಾಗುವ ಮೊದಲು 'ಮುಖ ನೋಡುವುದು' ಎಂಬ ಪದ್ಧತಿ: ಶಟರ್ ಎತ್ತಿ ಇಬ್ಬರೂ ಎದುರುಬದುರು ಕೂತು ಮುಖ ಒಂದೇ ಇದೆ ಎಂದು ಖಾತ್ರಿ ಮಾಡಿಕೊಳ್ಳಬೇಕು. ಮೊದಮೊದಲು ಅವನಿಗೆ ಅದು ತಮಾಷೆಯಾಗಿತ್ತು. ಆಮೇಲೆ ಆ ಮೋರೆಯ ಒಂದೊಂದೇ ಅಂಶ ಕಣ್ಣಿಗೆ ಚುಚ್ಚತೊಡಗಿತು, ಜೋತ ಕೆಳತುಟಿ, ಯಾರೋ ಬೈದರೇನೋ ಎಂದು ಮೊದಲೇ ಮುದುರಿಕೊಂಡ ಹುಬ್ಬು, ದೊಡ್ಡವರ ಕಾಲಸಪ್ಪಳ ಕೇಳಿದರೆ ತಾನಾಗಿ ಬರುವ ಹಲ್ಲುಗಿಂಜುವ ನಗು. ಅವನಿಗಿಂತ ಬೇರೆಯಾಗಬೇಕೆಂದು ಒಮ್ಮೆ ಮೀಸೆ ಬೋಳಿಸಿದ. ಅವನೂ ಬೋಳಿಸಿಕೊಂಡು ಬಂದಿದ್ದ. ಹೆಂಡತಿಯ ಶಾಲು ಹೊದ್ದುಕೊಂಡು ಹೋದ. ಅವನ ಮೈಮೇಲೂ ಶಾಲು. ಒಂದು ದಿನ ತಡೆಯಲಾಗದೆ ಕ್ಯಾಕರಿಸಿ ಉಗಿದ, ಎರಡು ಉಗುಳೂ ಕಿಂಡಿಯ ನಡುಮಧ್ಯದಲ್ಲಿ ಒಂದಕ್ಕೊಂದು ಬಡಿದು ಅಲ್ಲೇ ಬಿದ್ದವು. ತನ್ನ ಮುಖಕ್ಕೆ ತಾನೇ ಉಗಿಯುವುದು ಇಷ್ಟು ಕಷ್ಟವೆಂದು ಅವನಿಗೆ ಗೊತ್ತಿರಲಿಲ್ಲ. ಆಮೇಲೆ ಬಟ್ಟೆ ತಂದು ಇಬ್ಬರೂ ತಂತಮ್ಮ ಪಾಲಿನದನ್ನು ಒರೆಸಿದರು.

ಭಾವಮೈದನಿಗೆ ಅಲ್ಲಿ ಕೊಟ್ಟಿದ್ದು ಕೈ ಹಾಕುವ ಕೆಲಸ. ಈ ಕಡೆಯಿಂದ ಆ ಕಡೆಗೆ ಏನನ್ನಾದರೂ ದಾಟಿಸಬೇಕು ಎನ್ನುವುದು ನಿರ್ದೇಶಕಿಯ ಜೀವಮಾನದ ಹಟ. ಒಂದು ಚೆಂಡೋ ಚಮಚವೋ ಹಿಡಿದು ಕಿಂಡಿಯೊಳಗೆ ತೋಳು ತೂರಿಸಿದರೆ ಆ ಕಡೆಯಿಂದ ಅದೇ ಚೆಂಡು ಹಿಡಿದ ಅದೇ ಕೈ ಬಂದು ನಡುವೆ ಢಿಕ್ಕಿ ಹೊಡೆಯುತ್ತಿತ್ತು. ನೀನು ತಗೋ ಎಂದರೆ ಅವನೂ ನೀನು ತಗೋ ಎನ್ನುತ್ತಿದ್ದ. ಕೊಡುವವರೇ ಇಬ್ಬರು, ತೆಗೆದುಕೊಳ್ಳುವವರು ಯಾರೂ ಇಲ್ಲ. ಒಂದಿಷ್ಟು ಹೊತ್ತು ತಳ್ಳಾಡಿ, ಕೈ ಪೂರ್ತಿ ಹೊರಗೆ ತೆಗೆದು, ಕಾಲಕೆಳಗಿನ ಬೆಲ್ ಒತ್ತಬೇಕು. ಶಟರಿನ ಚಕ್ರ ಹಲಗೆಯ ಮರೆಯಲ್ಲಿ. ಅಲ್ಲಿ ಕೂತವನಿಗೆ ಕಿಂಡಿ ಕಾಣುವುದಿಲ್ಲ, ಬೆಲ್ ಕೇಳಿದ ಮೇಲೆಯೇ ಕೊಂಡಿ ಬಿಟ್ಟು ಶಟರ್ ಇಳಿಸಬೇಕು. ಈ ಕಡೆಯ ಬೆಲ್ಲಿನ ಹಿಂದೆಯೇ ಆ ಕಡೆಯ ಬೆಲ್ಲು ತೆಳ್ಳಗೆ ಕೇಳುತ್ತಿತ್ತು, ಚಕ್ರದವನ ಕಿವಿಗೆ ಎರಡೂ ಬೇರೆಬೇರೆಯಾಗಿ ಗೊತ್ತಾಗುತ್ತಿದ್ದವು. ಇದರಲ್ಲಿ ತಪ್ಪಾಗಲು ಏನಿದೆ? ಬೆಲ್ ಆದರೆ ಬಿಡು, ಆಗದಿದ್ದರೆ ಸುಮ್ಮನೆ ಕೂರು.

ಆದರೆ ಭಾವಮೈದನಿಗೆ ತನ್ನವನ ಜೊತೆ ಜಗಳವಿರಲಿಲ್ಲ. ಅದೇ ಭಾವನಿಗೆ ನುಂಗಲಾರದ ತುತ್ತಾಯಿತು. ಇಬ್ಬರು ಭಾವಮೈದಂದಿರೂ ಮೊದಲ ದಿನವೇ ನಕ್ಕುಬಿಟ್ಟರು. ಬೆರಳಿಗೆ ಬೆರಳು ತಾಗಿದರೆ ಚಕ್ಕಳಗುಳಿ ಇಟ್ಟಂತೆ ಖಿಲ್ಲನೆ ನಗು, ಈ ಕಡೆಯೊಂದು ಆ ಕಡೆಯೊಂದು. ಹಾಡಿನ ಮೊದಲ ಸಾಲು ಒಟ್ಟಿಗೇ ಹಿಡಿಯುತ್ತಿದ್ದರು. ಹಲಗೆಯ ಮರೆಯಲ್ಲಿ ಚಕ್ರದ ಕೊಂಡಿ ಹಿಡಿದು ಕೂತ ಅವನು, ಒಬ್ಬ ಮನುಷ್ಯನಿಗೆ ತನ್ನ ಮೇಲೆ ಇಷ್ಟು ಅಕ್ಕರೆ ಇರುವುದು ಸಾಧ್ಯವೇ ಎಂದು ಮೈ ಪರಚಿಕೊಳ್ಳುವಂತಾಗಿ ಕೇಳುತ್ತಿದ್ದ. ಕ್ಯಾಂಟೀನಿನಲ್ಲಿ ಒಂದು ಮಧ್ಯಾಹ್ನ ಭಾವಮೈದ ಎರಡು ಕುರ್ಚಿ ಎದುರುಬದುರು ಹಾಕಿ, ಒಂದರಿಂದ ಇನ್ನೊಂದಕ್ಕೆ ಹಾರುತ್ತ, ಭಾವ ಬೆಳಿಗ್ಗೆ ಮುಖ ನೋಡುವ ಚಂದವನ್ನು ಮಾಡಿ ತೋರಿಸಿದ: ಈ ಕುರ್ಚಿಯಲ್ಲಿ ಕೂತು ಹುಬ್ಬು ಗಂಟಿಕ್ಕುವುದು, ಆ ಕುರ್ಚಿಯಲ್ಲಿ ಕೂತು ಹುಬ್ಬು ಗಂಟಿಕ್ಕುವುದು. ಎಲೆಕ್ಟ್ರಿಷಿಯನ್ ಬಿದ್ದು ಬಿದ್ದು ನಕ್ಕ. ತಟ್ಟೆ ಹಿಡಿದು ಹೋಗುತ್ತಿದ್ದ ನಿರ್ದೇಶಕಿಯೂ ನಿಂತು ನೋಡಿ ನಕ್ಕಳು. ಬಾಗಿಲಲ್ಲಿದ್ದ ಅವನೂ, ಅವಳು ನಗುತ್ತಿದ್ದಾಳಲ್ಲ ಎಂದು ಹಲ್ಲುಗಿಂಜಿದ. "ಬೇಜಾರಾಯ್ತಾ ಭಾವ? ಸುಮ್ನೆ ತಮಾಷೆಗೆ" ಎಂದು ಭಾವಮೈದ ಹೆಗಲ ಮೇಲೆ ಕೈಹಾಕಿದಾಗ, ಆ ಕೈ ಬಲಗೈಯೇ, ಅದನ್ನು ಕಿತ್ತು ಎಸೆಯಬೇಕೆನ್ನಿಸಿತ್ತು. ಎನ್ನಿಸಿತ್ತು ಅಷ್ಟೆ. ಎನ್ನಿಸುವುದಕ್ಕೆ ಯಾರೂ ಯಾರನ್ನೂ ಕೆಲಸದಿಂದ ತೆಗೆಯುವುದಿಲ್ಲ.

ಅದಾದ ಮೇಲಿನ ವಾರ ಅದು ನಡೆದದ್ದು. ಭಾವಮೈದ ಕಿಂಡಿಯೊಳಗೆ ಕೈಯಿಟ್ಟು ತನ್ನವನಿಗೆ ಮೆಲ್ಲಗೆ ಕೇಳಿದ, "ನಿನ್ನ ಭಾವನೂ ಹಿಂಗೇನಾ?" ಆ ಕಡೆಯಿಂದಲೂ ಅದೇ ಪ್ರಶ್ನೆ ಬಂತು. ಆಮೇಲೆ ಎರಡು ನಗು. ಆಮೇಲೆ ಬೆಲ್. ಬೆಲ್ ಆಯಿತು, ಅವನು ಕೊಂಡಿ ಬಿಟ್ಟ. ಹಾಗೆಂದು ಅವನು ಅವತ್ತೇ ಹೇಳಿದ, ಶಟರಿಗೆ ಸಿಕ್ಕಿ ತುಂಡಾದ ಬೆರಳುಗಳ ರಕ್ತ ಒರೆಸುವ ಮೊದಲೇ ಹೇಳಿದ, ಆಸ್ಪತ್ರೆಯ ಬೆಂಚಿನ ಮೇಲೆ ಹೆಂಡತಿಗೆ ಹೇಳಿದ. ಹೇಳಿ ಹೇಳಿ ಈಗ ನೆನಪಿಸಿಕೊಂಡರೆ ಕಿವಿಯಲ್ಲಿ ಬೆಲ್ಲು ಸರಿಯಾಗಿಯೇ ಕೇಳುತ್ತದೆ. ಒಂದೇ ಒಂದು ತೊಂದರೆ, ನೆನಪಿನ ಬೆಲ್ಲು ಒಂಟಿಯಾಗಿ ಕೇಳುತ್ತದೆ. ಅದರ ಹಿಂದೆ ಆ ಕಡೆಯ ತೆಳ್ಳಗಿನ ಬೆಲ್ಲು ಎಷ್ಟು ಕಿವಿಗೊಟ್ಟರೂ ಬರುವುದಿಲ್ಲ. ಅವನು ಆ ಮಾತನ್ನು ಯಾರಿಗೂ ಹೇಳಿರಲಿಲ್ಲ.

ವಿಚಾರಣೆಗೆ ಕಿಂಡಿಯ ಕೋಣೆಯಲ್ಲಿ ಕುರ್ಚಿಗಳನ್ನು ಹಾಕಿದ್ದರು. ನಿರ್ದೇಶಕಿ, ಅವಳ ಹಿಂದೆ ಬಿಳಿಯಂಗಿಯ ಸಂಶೋಧಕರು, ಮೂಲೆಯಲ್ಲಿ ಚಕ್ರ ಹಿಡಿಯಲು ಎಲೆಕ್ಟ್ರಿಷಿಯನ್. ಭಾವಮೈದನನ್ನು ಹೊರಗೆ ಬೆಂಚಿನ ಮೇಲೆ ಕೂರಿಸಿದ್ದರು. ಅವನ ಮಾತು ತನ್ನ ಬಗ್ಗೆ ತಾನೇ ಆಡಿದ ಮಾತು, ಕೇಳುವ ಹಾಗಿಲ್ಲ. ಕೈಯ ಬೆರಳುಗಳೇ ಹೋಗಿವೆಯಲ್ಲ, ಅದೇನು ಹೇಳುತ್ತದೆ ಎಂದು ಕೇಳಲು ಅಲ್ಲಿ ಯಾರಿಗೂ ಹೊಳೆಯಲಿಲ್ಲ. "ನೋಡಿ," ನಿರ್ದೇಶಕಿ ಕನ್ನಡಕ ಒರೆಸುತ್ತ ಅಂದಳು, "ಆ ಕಡೆಯೂ ಇದೇ ಅಪಘಾತ, ಇದೇ ವಿಚಾರಣೆ. ಆ ಕಡೆಯ ಬೆಲ್ ಆಗಿತ್ತಾ ಇಲ್ವಾ, ಅಷ್ಟೇ ನೀವು ಹೇಳ್ಬೇಕಾದ್ದು. ನಿಮ್ಮದನ್ನ ನಿಮ್ಮವನು ಹೇಳ್ತಾನೆ. ಅವನು ಆಗಿತ್ತು ಅಂದ್ರೆ ನೀವು ನಿಮ್ಮ ಚಕ್ರಕ್ಕೆ ವಾಪಸ್. ಆಗಿರಲಿಲ್ಲ ಅಂದ್ರೆ ಇವತ್ತೇ ಮನೆಗೆ."

"ಮೇಡಂ, ನಾವಿಬ್ರೂ ಒಂದೇ ಅಲ್ವಾ," ಅಂದ ಅವನು. "ಅವನು ನನ್ನ ಬಿಟ್ಟುಕೊಡಲ್ಲ."

"ಬಿಟ್ಟುಕೊಡೋದು ಕಟ್ಟಿಕೊಳ್ಳೋದು ಅಲ್ಲ ರೀ ಇದು. ಸಾಕ್ಷಿ."

ಎಲೆಕ್ಟ್ರಿಷಿಯನ್ ಶಟರ್ ಎತ್ತಿದ. ಅವನು ಕೂತ, ಆ ಕಡೆಯವನೂ ಕೂತ. ಎಡಗಿವಿಯ ಕೆಳಗೆ ಗಾಯ ಇತ್ತು. ಬರುವಾಗ ದಾರಿಯುದ್ದಕ್ಕೂ ಅವನು ಲೆಕ್ಕ ಹಾಕಿಕೊಂಡೇ ಬಂದಿದ್ದ: ನಾನು ಆಗಿತ್ತು ಅನ್ನುತ್ತೇನೆ, ಅವನೂ ಆಗಿತ್ತು ಅನ್ನುತ್ತಾನೆ, ಇಬ್ಬರಿಗೂ ಕೆಲಸ ಉಳಿಯುತ್ತದೆ, ಸಂಜೆ ಇಬ್ಬರೂ ಮನೆಗೆ ಹೋಗುತ್ತೇವೆ. ಇದರಲ್ಲಿ ಯೋಚನೆ ಮಾಡುವುದಕ್ಕೇ ಏನಿಲ್ಲ. ಈಗ ಆ ಮೋರೆ ಎದುರಿಗಿತ್ತು, ಜೋತ ತುಟಿ, ಮುದುರಿದ ಹುಬ್ಬು. ಆ ಹುಬ್ಬಿನ ಕೆಳಗಿನ ಕಣ್ಣು ಅವನನ್ನು ನೋಡುತ್ತಿತ್ತು, ಇಷ್ಟು ವರ್ಷ ನೋಡಿದಂತೆಯೇ, ಅಸಹ್ಯದಿಂದ. ನನ್ನನ್ನು ಕಂಡರೆ ಇವನಿಗಾಗುವುದಿಲ್ಲ. ನನಗೆ ಇವನನ್ನು ಕಂಡರೆ ಎಷ್ಟಾಗುವುದಿಲ್ಲವೋ ಇವನಿಗೂ ಅಷ್ಟೇ, ಒಂದು ಕೂದಲೂ ಹೆಚ್ಚು ಕಡಿಮೆಯಿಲ್ಲ. ಇವನನ್ನು ಮುಗಿಸಿಬಿಡಲು ಒಂದು ಮಾತು ಸಾಕು ಎಂದು ನನಗೆ ಈಗ ಹೊಳೆಯಿತಲ್ಲ, ಅವನಿಗೂ ಹೊಳೆದಿರುತ್ತದೆ. ಹೊಳೆದಿದೆ, ಕಣ್ಣಲ್ಲೇ ಕಾಣುತ್ತಿದೆ. ನಾನು ಮರ್ಯಾದಸ್ಥನ ಹಾಗೆ ಅವನನ್ನು ಉಳಿಸುತ್ತ ಕೂತಿರುವಾಗ ಅವನು ನನ್ನನ್ನು ಮುಳುಗಿಸಿ, ಮನೆಗೆ ಹೋಗಿ, ಅವಳ ಎದುರು ಕೂತು ಊಟ ಮಾಡುತ್ತಾನೆ. ಆ ತುಟಿಯಲ್ಲಿ. ಆ ಹಲ್ಲುಗಿಂಜುವ ನಗುವಿಗೆ ನಾನು ಬಲಿಯಾಗಬೇಕೇ ಎಂದು ಅವನ ಮೈಯೆಲ್ಲ ಉರಿಯಿತು.

"ಆ ಕಡೆಯ ಬೆಲ್ ಆಗಿತ್ತೇ?" ಇಬ್ಬರು ನಿರ್ದೇಶಕಿಯರೂ ಒಂದೇ ದನಿಯಲ್ಲಿ ಕೇಳಿದರು.

"ಆಗಿರಲಿಲ್ಲ," ಅಂದ ಅವನು.

"ಆಗಿತ್ತು," ಅಂದ ಆ ಕಡೆಯವನು.

ಎರಡು ಮಾತೂ ಕಿಂಡಿಯ ನಡುವೆ ಒಂದರ ಮೇಲೊಂದು ಬಿದ್ದು ಯಾವುದೂ ಸರಿಯಾಗಿ ಕೇಳಲಿಲ್ಲ. ಮತ್ತೊಮ್ಮೆ ಹೇಳಿ ಅಂದರು. ಅವನು ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳಬಹುದಿತ್ತು, ನಾಲಗೆ ತೊದಲಿತು ಎನ್ನಬಹುದಿತ್ತು. ಆ ಕಡೆಯವನು ಈಗ ತನ್ನ ಮಾತು ಬದಲಿಸಿಬಿಡುತ್ತಾನೆ, ಬದಲಿಸದೆ ಇರಲು ಅವನಿಗೇನು ಹುಚ್ಚೇ, ಎಂದು ಇವನು ಇನ್ನೂ ಗಟ್ಟಿಯಾಗಿ ಆಗಿರಲಿಲ್ಲ ಅಂದ. ಆಗಿತ್ತು, ಅಂದ ಆ ಕಡೆಯವನು, ಮೊದಲಿನಷ್ಟೇ ಮೆಲ್ಲಗೆ. ಅವನ ಮುಖದಲ್ಲಿ ಸಿಟ್ಟಿರಲಿಲ್ಲ. ಆಶ್ಚರ್ಯವೂ ಇರಲಿಲ್ಲ, ಇವನು ಇದನ್ನೇ ಹೇಳುತ್ತಾನೆಂದು ಮೊದಲೇ ಗೊತ್ತಿದ್ದವನ ಹಾಗೆ. ಗೊತ್ತಿದ್ದೂ ಯಾಕೆ ಹಾಗಂದ? ಹುಬ್ಬಿನ ಗಂಟು ಬಿಚ್ಚಿತ್ತು. ಬಿಚ್ಚಿದ ಆ ಹುಬ್ಬಿನಲ್ಲಿ ಅದು ತನ್ನ ಮುಖವೇ ಅಲ್ಲ ಎಂದು ಅವನಿಗೆ ಅನ್ನಿಸಿತು.

ನಿರ್ದೇಶಕಿ ಎದ್ದು ನಿಂತಿದ್ದಳು. ಆ ಕಡೆಯವಳು ಇನ್ನೂ ಕೂತೇ ಇದ್ದಳು. ಇಬ್ಬರೂ ಒಬ್ಬರನ್ನೊಬ್ಬರು ನೋಡಿದರು. ಇಷ್ಟು ವರ್ಷದಲ್ಲಿ ಮೊದಲ ಸಲ ಒಬ್ಬಳು ನಿಂತಿದ್ದು ಇನ್ನೊಬ್ಬಳು ಕೂತಿದ್ದಳು. "ಬೇರೆ ಆಯ್ತು," ಅಂದಳು ನಿರ್ದೇಶಕಿ. "ಬೇರೆ ಆಯ್ತಲ್ರೀ." ಬಿಳಿಯಂಗಿಯವರು ಒಬ್ಬರ ಕೈ ಒಬ್ಬರು ಕುಲುಕಿದರು. ಯಾರೋ ಅವನ ಬೆನ್ನು ತಟ್ಟಿದರು. ಎಲ್ಲರಿಗೂ ಟೀ ಬಂತು, ಅವನ ಕೈಗೂ ಒಂದು ಲೋಟ ಬಂತು. ಹತ್ತಾರು ಪಂಡಿತರ ಕೈಲಾಗದ್ದನ್ನು ನೀವು ಒಂದು ಮಾತಲ್ಲಿ ಮಾಡಿಬಿಟ್ರಿ ಎಂದು ನಿರ್ದೇಶಕಿ ಅವನಿಗೆ ಅಂದಳು, ಈ ಎರಡು ಕಡೆ ಇನ್ನು ಒಂದೇ ಅಲ್ಲ, ಎಂಥಾ ದಿನ ಇದು. ಅವನಿಗಿಂತ ಬೇರೆಯಾಗಬೇಕೆಂದು ಮೀಸೆ ಬೋಳಿಸಿದ್ದು, ಶಾಲು ಹೊದ್ದದ್ದು ನೆನಪಾಯಿತು. ಬೇರೆಯಾದದ್ದು ಹೀಗೆ. ವಿಚಾರಣೆಯ ವಿಷಯ ಕೊನೆಗೆ ಎಲೆಕ್ಟ್ರಿಷಿಯನ್ನೇ ಎತ್ತಬೇಕಾಯಿತು.

"ಅದಾ? ನಿಯಮ ಇದೆಯಲ್ಲ. ಎರಡು ಬಾಯಿ ಕೂಡದೆ ಹೋದ್ರೂ ಆ ಕಡೆಯವನು ಹೇಳಿದ್ದೇ ಈ ಕಡೆಯದಕ್ಕೆ ಸಾಕ್ಷಿ. ಇಲ್ಲಿ ಬೆಲ್ ಆಗಿತ್ತು," ಅಂದಳು ನಿರ್ದೇಶಕಿ. "ಆ ಹುಡುಗ ಬೆಲ್ ಒತ್ತಿ ಆಮೇಲೆ ಕೈ ಹಾಕಿದಾನೆ, ಪಾಪ. ಇನ್ನವನನ್ನ ಇಟ್ಕೊಳ್ಳೋಕೆ ಬರಲ್ಲ."

"ಆ ಕಡೆ?" ಎಂದು ಅವನು ಕೇಳಿದ.

"ಆ ಕಡೆ ನಿಮ್ಮ ಮಾತೇ ಸಾಕ್ಷಿ. ನಿಮ್ಮವನು ಹೋದ."

ಮನೆಗೆ ನಡೆದುಕೊಂಡೇ ಹೋದ. ಬಸ್ಸಿನಲ್ಲಿ ಯಾರಾದರೂ ಮುಖ ನೋಡುತ್ತಾರೆ. ಆ ಕಡೆಯವನೂ ಲೆಕ್ಕ ಹಾಕಿಯೇ 'ಆಗಿತ್ತು' ಎಂದಿರಬಹುದು, ನಾನು ಉಳಿಸುತ್ತೇನೆಂದು ನಂಬಿ ಮೋಸಹೋಗಿರಬಹುದು, ಪೆದ್ದ. ಅಥವಾ ನನ್ನನ್ನು ಇಲ್ಲೇ ಕೊಳೆಯಲಿ ಎಂದು ಬೇಕಂತಲೇ ಉಳಿಸಿರಬಹುದು. ಹಾಗಿದ್ದರೆ ಚೆನ್ನಾಗಿತ್ತು. ಆದರೆ ಆ ಬಿಚ್ಚಿದ ಹುಬ್ಬು ಎಲ್ಲ ಲೆಕ್ಕವನ್ನೂ ಕೆಡಿಸುತ್ತಿತ್ತು. ನಿಜ ಹೇಳಿದವನು ನಾನು, ಸುಳ್ಳು ಹೇಳಿದವನು ಅವನು, ಎಂದು ರಸ್ತೆಯಲ್ಲಿ ಗಟ್ಟಿಯಾಗಿಯೇ ಅಂದುಕೊಂಡ. ಆಡಿದ ಮೇಲೆ ಗೊತ್ತಾಯಿತು ತಾನು ಏನಂದೆ ಎಂದು. ತರಕಾರಿ ಆರಿಸುತ್ತಿದ್ದ ಹೆಂಗಸೊಬ್ಬಳು ತಿರುಗಿ ನೋಡಿದಳು.

ಮನೆಯಲ್ಲಿ ಭಾವಮೈದನ ಚೀಲ ಬಾಗಿಲ ಬಳಿ ಇತ್ತು. ಸುದ್ದಿ ಅವನೇ ತಂದಿದ್ದ. "ಹೇಳಿದ ಹಾಗೆ ನಡ್ಕೋಬೇಕಲ್ಲಕ್ಕ, ಸುಳ್ಳು ನಂದು ಅಂತ ಆಗಿದೆ, ನಾನು ಹೋಗ್ತೀನಿ," ಎನ್ನುತ್ತಿದ್ದ. ಅಂಗಿಯ ಗುಂಡಿ ಬೆಳಗಿನಂತೆಯೇ ಸೊಟ್ಟಗಿತ್ತು. ಹೆಂಡತಿ ಕಣ್ಣು ಊದಿಸಿಕೊಂಡು ಕೂತವಳು ಗಂಡನನ್ನು ಕಂಡು ಎದ್ದಳು.

"ನಿಮ್ಮವನು ಇಲ್ಲಿ ಬೆಲ್ ಆಗಿತ್ತು ಅಂದನಂತೆ."

"ಹೂಂ. ನಾನು ಹೇಳಿರಲಿಲ್ವಾ?"

"ನೀವೇನಂದ್ರಿ? ಅಲ್ಲಿಂದು?"

ಅವನು ನೀರಿನ ಲೋಟಕ್ಕೆ ಕೈಚಾಚಿದ. ಲೋಟ ಖಾಲಿಯಿತ್ತು. "ನಾನು... ಅಲ್ಲಿ ಆಗಿರಲಿಲ್ಲ ಅಂದೆ."

"ಎರಡೂ ಕಡೆ ಇವತ್ತಿನವರೆಗೂ ಒಂದೇ ಥರ ಇತ್ತು ಅಂತ ನೀವೇ ಅಲ್ವಾ ಇಷ್ಟು ವರ್ಷ ಹೇಳಿದ್ದು? ಅಲ್ಲಿ ನೆಗಡಿ ಆದ್ರೆ ಇಲ್ಲೂ ನೆಗಡಿ ಅಂತ. ಅಲ್ಲಿ ಆಗದೆ ಇದ್ದ ಬೆಲ್ಲು ಅವತ್ತು ಇಲ್ಲಿ ಹೆಂಗೆ ಆಯ್ತು ರೀ?"

ಬೈದಾಳು, ಅತ್ತಾಳು, ಲೋಟ ಎಸೆದಾಳು ಎಂದು ಅವನು ಹುಬ್ಬು ಮುದುರಿಕೊಂಡು ಕಾದ. ಅವಳು ತಮ್ಮನ ಎದುರು ಮೊಣಕಾಲೂರಿ ಕೂತು, ಅವನ ಅಂಗಿಯ ಗುಂಡಿಗಳನ್ನೆಲ್ಲ ಬಿಚ್ಚಿ, ಒಂದೊಂದಾಗಿ ಸರಿಯಾದ ತೂತಿಗೆ ಹಾಕಿದಳು. ಆಮೇಲೆ ಒಳಗೆ ಹೋಗಿ ಎರಡು ಸೀರೆ ತಂದು ಅದೇ ಚೀಲಕ್ಕೆ ತುರುಕಿದಳು. ಬಾಗಿಲಲ್ಲಿ ಭಾವಮೈದ ನಿಂತು ತಿರುಗಿದ. "ಆ ಕಡೆ ನನ್ನೋನಿಗಾದ್ರೂ ನ್ಯಾಯ ಕೊಡಿಸಿದ್ರಲ್ಲ ಭಾವ. ಅಷ್ಟಾದ್ರೂ ಆಯ್ತು." ಅದು ಕುಹಕವೋ, ನಿಜವಾಗಿ ಅಂದದ್ದೋ ಅವನಿಗೆ ಗೊತ್ತಾಗಲಿಲ್ಲ. ಅವರು ಹೋದಮೇಲೆ ಅವಳ ಕನ್ನಡಿ ಕಿಟಕಿಯಲ್ಲಿ ಮಗುಚದೆ ಹಾಗೇ ನಿಂತಿರುವುದು ಕಂಡಿತು.

ಮಾರನೆಯ ದಿನ ಅವನನ್ನು ಚಕ್ರದ ಹತ್ತಿರ ಬಿಡಲಿಲ್ಲ. ನಿರ್ದೇಶಕಿ ಗೇಟಿನಲ್ಲೇ ಕಾಯುತ್ತಿದ್ದಳು. ಎರಡು ಕಡೆಯೂ ಬೇರೆಯಾಗಿದೆ ಅಂದಮೇಲೆ ಈಗ ಕೈಗೆ ಕೈ ಅಡ್ಡಬರುವುದಿಲ್ಲ, ಇವತ್ತು ಕೈ ದಾಟುತ್ತದೆ, ಆ ಕಡೆ ನಿಮ್ಮವನಿಲ್ಲವಲ್ಲ, ಆದ್ದರಿಂದ ದಾಟಬೇಕಾದ ಕೈ ನಿಮ್ಮದೇ, ಎಂದು ಒಂದೇ ಉಸಿರಿಗೆ ಹೇಳಿದಳು. ಈ ಸಲ ಅವಳ ವಾಕ್ಯ ನಡುವೆ ಎಲ್ಲೂ ಕೈಬಿಡಲಿಲ್ಲ. "ಆ ಕಡೆ ಯಾರಿರ್ತಾರೆ?" ಎಂದು ಅವನು ಕೇಳಿದ. "ಯಾರನ್ನೋ ನಿಲ್ಲಿಸಿರ್ತಾರೆ ಬಿಡ್ರೀ," ಅಂದಳು. ಎಲೆಕ್ಟ್ರಿಷಿಯನ್ ಹಲಗೆಯ ಮರೆಗೆ ಹೋದ. ಶಟರ್ ಎದ್ದಿತು. ಭಾವಮೈದ ನಿಲ್ಲುತ್ತಿದ್ದ ಜಾಗದಲ್ಲಿ ನಿಂತು, ಎಡಪಾದವನ್ನು ಬೆಲ್ಲಿನ ಪಕ್ಕದಲ್ಲಿಟ್ಟು, ಅಂಗಿಯ ತೋಳು ಮಡಿಸಿ ಅವನು ಬಲಗೈಯನ್ನು ಒಳಗೆ ತೂರಿಸಿದ. ಭುಜ ಗೋಡೆಗೊತ್ತಿತು, ಕೆನ್ನೆ ಗೋಡೆಗೊತ್ತಿತು. ಮುಖ ಪಕ್ಕಕ್ಕೆ ತಿರುಗಿದ್ದರಿಂದ ಕಾಣುತ್ತಿದ್ದುದು ಸುಣ್ಣದ ಬಿರುಕು ಮಾತ್ರ. ನಡುಮಧ್ಯಕ್ಕೆ ಬಂದಾಗ ಬೆರಳುಗಳು ತಾವಾಗಿ ಬಿಗಿದುಕೊಂಡವು, ಏನೂ ತಾಗಲಿಲ್ಲ. ಇನ್ನೂ ಮುಂದೆ ಹೋಯಿತು ಕೈ. ಆ ಕಡೆಯ ಶಟರಿನ ತಣ್ಣನೆಯ ಅಂಚು ಮಣಿಕಟ್ಟಿಗೆ ತಾಗಿತು, ಅದರಾಚೆ ಬೆರಳುಗಳು ಬೇರೆ ಗಾಳಿಯಲ್ಲಿ ಆಡಿದವು. ದಾಟ್ತಾ, ಎಂದು ನಿರ್ದೇಶಕಿ ಉಸಿರು ಹಿಡಿದು ಕೇಳಿದಳು. ದಾಟಿದೆ, ಅಂದ ಅವನು.

ಆಗ ಯಾರೋ ಅವನ ಮಣಿಕಟ್ಟು ಹಿಡಿದರು. ಎಡಗೈ, ಗಟ್ಟಿ ಹಿಡಿತ. ಇನ್ನೊಂದು ಕೈ ಬಂದು ಅವನ ಬೆರಳುಗಳನ್ನು ತಡವಿತು. ಅದರಲ್ಲಿ ಇದ್ದುದು ಹೆಬ್ಬೆರಳೊಂದೇ, ಉಳಿದದ್ದು ಬಟ್ಟೆಯ ಉಂಡೆ. ಹೆಬ್ಬೆರಳು ಅವನ ತೋರುಬೆರಳನ್ನು ಬುಡದಿಂದ ತುದಿಯವರೆಗೆ ಸವರಿತು, ಆಮೇಲೆ ನಡುಬೆರಳನ್ನು, ಆಮೇಲೆ ಅದರ ಪಕ್ಕದ್ದನ್ನು, ಅವಸರವಿಲ್ಲದೆ, ಬೋರ್ಡಿನ ಮೇಲೆ ಅಕ್ಷರ ಬರೆಯುವ ಮೊದಲು ಜಾಗ ನೋಡಿಕೊಳ್ಳುವವನ ಹಾಗೆ.

"ಭಾವ, ನೀವೇನಾ?" ಎಂದಿತು ಕಿಂಡಿಯೊಳಗಿಂದ ಪರಿಚಯದ ದನಿ. ಅದರಲ್ಲಿ ನಗುವಿರಲಿಲ್ಲ.

ಆ ಕಡೆಯ ಚಕ್ರದ ಹತ್ತಿರ ಈಗ ಯಾರು ಕೂತಿದ್ದಾರೋ ಅವನಿಗೆ ಗೊತ್ತಿರಲಿಲ್ಲ. ಆ ಕಡೆಯ ಬೆಲ್ಲು ಆ ಭಾವಮೈದನ ಕಾಲಕೆಳಗಿತ್ತು. ಕೈ ಎಳೆದುಕೊಳ್ಳಲು ನೋಡಿದ, ಹಿಡಿತ ಸಡಿಲಲಿಲ್ಲ. ಏನಾಯ್ತು, ಏನಾದ್ರೂ ಕೊಟ್ರಾ, ಎಂದು ಬೆನ್ನಹಿಂದೆ ನಿರ್ದೇಶಕಿ ಕೇಳುತ್ತಿದ್ದಳು. ಕೆನ್ನೆಯನ್ನು ಸುಣ್ಣದ ಗೋಡೆಗೆ ಇನ್ನೂ ಒತ್ತಿ, ಕಣ್ಣು ಮುಚ್ಚಿ, ಅಷ್ಟು ವರ್ಷದ ಕೆಲಸದಲ್ಲಿ ಮೊದಲ ಸಲ, ಅವನು ಬೆಲ್ಲಿಗೆ ನಿಜವಾಗಿ ಕಿವಿಗೊಟ್ಟ.